ಹದಿನೇಳು ಸರ್ವೋ ರೋಬೋಟ್ ಕಿಟ್: ತಟ್ಟಡವು ಸೈ, ಅರಮಂಡಿ ಇಲ್ಲ

ಆನ್‌ಲೈನಿನಲ್ಲಿ ಹತ್ತಾರು ಹೆಸರಲ್ಲಿ ಮಾರುವ ಈ ಅಲ್ಯೂಮಿನಿಯಂ ಕಿಟ್‌ಗಳ ಒಳಗು ಹೆಚ್ಚುಕಮ್ಮಿ ಒಂದೇ: ಕಾಲಿಗೆ ಐದೈದು, ಕೈಗೆ ಮೂರ್ಮೂರು, ತಲೆಗೊಂದು ಸರ್ವೋ, ಅಂದರೆ ಹೇಳಿದ ಕೋನಕ್ಕೆ ತಿರುಗಿ ನಿಲ್ಲುವ ಮೋಟರ್. ಜಾಹೀರಾತಿನಲ್ಲೇನೋ ಕುಣಿಯುತ್ತದೆ. ಭರತನಾಟ್ಯದ ಅಡವು (ಮೂಲ ಹೆಜ್ಜೆ) ಮಾಡಿಸಿದರೆ ಬಂಡವಾಳ ಬಯಲಾಗುತ್ತದೆ.

ದೊಡ್ಡ ಕೊರತೆ ಸೊಂಟದ್ದು. ಮಂಡಿಗಳನ್ನು ಅಕ್ಕಪಕ್ಕಕ್ಕೆ ಮಡಚಿ ಅರ್ಧ ಕೂರುವ ಅರಮಂಡಿಗೆ ತೊಡೆ ಸೊಂಟದ ಕೀಲಿನಿಂದಲೇ ಹೊರಕ್ಕೆ ತಿರುಗಬೇಕು. ಇಲ್ಲಿ ಹಿಂದೆ-ಮುಂದೆ, ಅಕ್ಕ-ಪಕ್ಕ, ಇಷ್ಟೇ. ಮಂಡಿ ಮುಂದಕ್ಕೇ ಮಡಚಿ, ಕುರ್ಚಿ ಹುಡುಕುತ್ತಿರುವವರ ಹಾಗೆ ಕಾಣುತ್ತದೆ.

ಪಾದ ಎತ್ತಿ ನೆಲಕ್ಕೆ ತಟ್ಟುವ ತಟ್ಟಡವು ಮಾತ್ರ ಬರುತ್ತದೆ. ಬಲಗಾಲು ಎತ್ತುವ ಮುನ್ನ ಸೊಂಟ, ಕಣಕಾಲುಗಳ ಸರ್ವೋಗಳನ್ನು ಓಲಿಸಿ ಭಾರವನ್ನು ಎಡಪಾದದ ಮೇಲೆ ತರಬೇಕು. ಇಲ್ಲದಿದ್ದರೆ ಎತ್ತಿದ ಕಡೆಗೇ ಬೀಳುತ್ತದೆ. ನರ್ತಕಿಯೂ ಮಾಡುವುದು ಇದನ್ನೇ, ನೋಡುವವರ ಕಣ್ಣಿಗೆ ಬೀಳದಂತೆ. ನಿಮಿಷಕ್ಕೆ 60 ಎಣಿಕೆ ಹಿಡಿದರೆ ಒಂದು ತಟ್ಟಿಗೆ ಒಂದನೇ ಕಾಲದಲ್ಲಿ (ವೇಗದಲ್ಲಿ) 1000 ಮಿಲಿಸೆಕೆಂಡ್, ಎರಡರಲ್ಲಿ 500, ಮೂರರಲ್ಲಿ 250. ಇಂಥ ಕಿಟ್‌ಗಳಲ್ಲಿ ಸಾಮಾನ್ಯವಾದ ಎಂಜಿ996ಆರ್ ಸರ್ವೋ 6 ವೋಲ್ಟ್‌ನಲ್ಲಿ, ಹೊರೆಯಿಲ್ಲದೆ, 60 ಡಿಗ್ರಿ ತಿರುಗಲು 0.14 ಸೆಕೆಂಡ್ ತೆಗೆದುಕೊಳ್ಳುತ್ತದೆ. ಮಂಡಿ 40 ಡಿಗ್ರಿ ಮಡಚಿ ಇಳಿಸಲಿಕ್ಕೇ ಸುಮಾರು 190 ಮಿಲಿಸೆಕೆಂಡ್ ಹೋಯಿತು. ಓಲಲು ಉಳಿಯುವುದು 60. ಮೂರನೇ ಕಾಲದ ಆಸೆ ಬಿಡಿ.

ಕೋನದಿಂದ ಕೋನಕ್ಕೆ ಒಂದೇ ವೇಗದಲ್ಲಿ ಓಡಿಸಿದರೆ ನಿಂತಲ್ಲೆಲ್ಲ ಮೈ ಅದುರುತ್ತದೆ. ನಿಧಾನವಾಗಿ ಹೊರಟು, ನಡುವೆ ವೇಗ ಹಿಡಿದು, ಮತ್ತೆ ನಿಧಾನಿಸುವಂತೆ ಪ್ರತಿ 20 ಮಿಲಿಸೆಕೆಂಡಿಗೊಮ್ಮೆ ಹೊಸ ಕೋನ ಕಳಿಸಿ. ಪಾದ ಇಳಿಯುವಾಗ ಮಾತ್ರ ನಿಧಾನಿಸಬೇಡಿ, ತಟ್ಟಿನ ಸದ್ದೇ ಸತ್ತುಹೋಗುತ್ತದೆ.

ಜೋಡಿಸುವಾಗ ಸರ್ವೋಗೆ 1500 ಮೈಕ್ರೋಸೆಕೆಂಡ್ ಪಲ್ಸ್ ಕೊಟ್ಟು ನಡುವಿಗೆ ತಂದ ಮೇಲೆಯೇ ಹಾರ್ನ್ (ಶಾಫ್ಟ್‌ಗೆ ಸಿಕ್ಕಿಸುವ ತೋಳು) ಕೂರಿಸಿ. ಶಾಫ್ಟ್‌ಗೆ 25 ಹಲ್ಲು. ಒಂದು ತಪ್ಪಿದರೆ 14.4 ಡಿಗ್ರಿ ಸೊಟ್ಟ.

ಎರಡು ಸೆಲ್‌ನ ಲಿಪೋ ಬ್ಯಾಟರಿ ತುಂಬಿದಾಗ 8.4 ವೋಲ್ಟ್ ಇರುತ್ತದೆ, ನೇರ ಕೊಟ್ಟರೆ ಸರ್ವೋ ಸುಡುವ ಅಪಾಯ. 6 ವೋಲ್ಟಿಗೆ ಇಳಿಸುವ, 20 ಆಂಪಿಯರ್ ತಡೆಯುವ ರೆಗ್ಯುಲೇಟರ್ ಹಾಕಿ. ಸಿಕ್ಕಿಕೊಂಡ ಒಂದೊಂದು ಸರ್ವೋ 2.5 ಆಂಪಿಯರ್ ಎಳೆಯುತ್ತದೆ. ಸಪ್ಲೈ ಸೋತರೆ ಸರ್ವೋಗಳಿಗೆ ಆಜ್ಞೆ ಕಳಿಸುವ ಬೋರ್ಡ್ ರೀಸೆಟ್ ಆಗಿ ರೋಬೋಟ್ ಅಡವಿನ ನಡುವೆಯೇ ಕುಸಿಯುತ್ತದೆ. ಬೋರ್ಡಿಗೆ ಬೇರೆ ಸಪ್ಲೈ ಕೊಡಿ, ಗ್ರೌಂಡ್ ಮಾತ್ರ ಒಂದೇ ಇರಲಿ.

ನಡಿಗೆ, ಸಮತೋಲ ಕಲಿಯಲು ಒಳ್ಳೆಯ ಕಿಟ್. ನೃತ್ಯಕ್ಕೆಂದೇ ಆದರೆ 19 ಸರ್ವೋದ್ದನ್ನು ನೋಡಿ, ಆದರೆ ಚಿತ್ರ ದೊಡ್ಡದು ಮಾಡಿ ಸೊಂಟ ಪರೀಕ್ಷಿಸಿ: ಕೆಲವದರಲ್ಲಿ ಆ ಹೆಚ್ಚಿನ ಎರಡು ಹೋಗಿರುವುದು ಅಂಗೈಯ ಇಕ್ಕಳಕ್ಕೆ.