ಐಸೊಮೆಟ್ರಿಕ್ ಚಿಹ್ನೆ ತಿದ್ದಲು ಎರಡು ದಾರಿ: ಬ್ಲಾಕೋ, ಸಿಂಬಲ್ ಎಡಿಟರೋ?

ಪೀಣ್ಯದ ಫ್ಯಾಬ್ರಿಕೇಶನ್ ಶೆಡ್ಡಿಗೆ ನಾವು ಕಳುಹಿಸಿದ ಐಸೊಮೆಟ್ರಿಕ್ ನಕ್ಷೆಯೊಂದರಲ್ಲಿ (ಪೈಪ್ ಲೈನನ್ನು ಮೂರು ಆಯಾಮಗಳಲ್ಲಿ ಕಂಡಂತೆ ತೋರಿಸುವ ನಕ್ಷೆ) ಸೈಟ್ ಗ್ಲಾಸಿನ, ಅಂದರೆ ಪೈಪಿನೊಳಗಿನ ಹರಿವನ್ನು ನೋಡಲು ಇಡುವ ಗಾಜಿನ ಕಿಂಡಿಯ, ವೃತ್ತದ ಚಿಹ್ನೆ ಇರಬೇಕಾದ ಜಾಗದಲ್ಲಿ ಬರಿಯ ಚೌಕವೊಂದು ಮೂಡಿತ್ತು. ಅದೇನೆಂದು ತಿಳಿಯಲು ಅಲ್ಲಿನ ವೆಲ್ಡರ್ ಸಾಮಗ್ರಿ ಪಟ್ಟಿಯನ್ನು ಹುಡುಕಬೇಕಾಯಿತು. ಆ ಚಿಹ್ನೆಯನ್ನು ಸರಿಪಡಿಸಲು ಇರುವ ಎರಡು ದಾರಿಗಳನ್ನೂ ನಾನು ಒಂದೇ ಲೈನಿನ ಮೇಲೆ ಪ್ರಯೋಗಿಸಿ ನೋಡಿದೆ.

ಮೊದಲನೆಯದು ನಾವು ಪೈಪಿಂಗ್ ವಿನ್ಯಾಸಕ್ಕೆ ಬಳಸುವ ಆಟೋಕ್ಯಾಡ್ ಪ್ಲಾಂಟ್ ತ್ರೀಡಿ ತಂತ್ರಾಂಶದೊಳಗೇ ಮುಗಿಯುವ ಕೆಲಸ. ಐಸೊ.ಡಿಡಬ್ಲ್ಯುಟಿ ಟೆಂಪ್ಲೇಟನ್ನು ತೆರೆದು, ಚಿಹ್ನೆಯನ್ನು ಎಂದಿನ ಬ್ಲಾಕಿನಂತೆ (ಹೆಸರಿಟ್ಟು ಮತ್ತೆ ಮತ್ತೆ ಬಳಸುವ ರೇಖಾಗುಂಪು) ಬರೆದು, ಅದರ ಹೆಸರನ್ನು ಎಕ್ಸ್‌ಎಂಎಲ್ ಕಡತದಲ್ಲಿ ಎಸ್‌ಕೀಗೆ, ಅಂದರೆ ಯಾವ ಬಿಡಿಭಾಗಕ್ಕೆ ಯಾವ ಚಿಹ್ನೆ ಎಂದು ಹೇಳುವ ಸಂಕೇತಕ್ಕೆ, ಜೋಡಿಸಬೇಕು. ಕ್ಯಾಡ್ ಬಲ್ಲವರಿಗೆ ಇದರಲ್ಲಿ ಹೊಸದಾಗಿ ಕಲಿಯಬೇಕಾದದ್ದು ಕಡಿಮೆ. ಆದರೆ ಟೆಂಪ್ಲೇಟು ನಕ್ಷೆಯ ಪ್ರತಿ ಶೈಲಿಗೂ (ಚೆಕ್, ಫೈನಲ್ ಮುಂತಾದವು) ಬೇರೆಯಾಗಿರುವುದರಿಂದ, ಚೆಕ್ ಶೈಲಿಯಲ್ಲಿ ಅಚ್ಚುಕಟ್ಟಾಗಿ ಬಂದ ವೃತ್ತ ಫೈನಲ್ ಶೈಲಿಯಲ್ಲಿ ಕಾಣಿಸಲೇ ಇಲ್ಲ. ಬ್ಲಾಕನ್ನು ಅಲ್ಲಿಗೂ ನಕಲಿಸಿದ ಮೇಲಷ್ಟೇ ಬಂತು.

ಎರಡನೆಯದು, ತ್ರೀಡಿ ಮಾದರಿಯಿಂದ ಪಿಸಿಎಫ್ ಕಡತ (ಲೈನಿನ ಬಿಡಿಭಾಗಗಳ ವಿವರವಿರುವ ಕಡತ) ತೆಗೆದು, ಅದರಿಂದ ಐಸೊಮೆಟ್ರಿಕ್ ನಕ್ಷೆ ಬರೆಯುವ ಐಸೊಜೆನ್ ತಂತ್ರಾಂಶದ ಸಿಂಬಲ್ ಎಡಿಟರಿನಲ್ಲಿ ಚಿಹ್ನೆ ರೂಪಿಸುವುದು. ಪೈಪು ಒಳಬರುವ ಮತ್ತು ಹೊರಹೋಗುವ ಬಿಂದುಗಳನ್ನು ಗುರುತಿಸಿ, ವೃತ್ತವನ್ನು ಚಿಕ್ಕ ಚಿಕ್ಕ ಸರಳರೇಖೆಗಳಿಂದ ಕಟ್ಟಲು ನನಗೆ ಅರ್ಧ ದಿನವೇ ಹಿಡಿಯಿತು. ಆದರೂ ಹೀಗೆ ಮಾಡಿದ ಚಿಹ್ನೆ ಒಂದೇ ತಂತ್ರಾಂಶಕ್ಕೆ ಅಂಟಿಕೊಂಡಿರುವುದಿಲ್ಲ. ಬೇರೆ ತಂತ್ರಾಂಶದಿಂದ ಬಂದ ಪಿಸಿಎಫ್‌ನಲ್ಲಿ ಅದೇ ಎಸ್‌ಕೀ ಇದ್ದರೆ ಅಲ್ಲಿಯೂ ಕೆಲಸಕ್ಕೆ ಬರುತ್ತದೆ.

ಎರಡರಲ್ಲೂ ನನ್ನನ್ನು ಹೆಚ್ಚು ಕಾಡಿದ್ದು ರೇಖೆಗಳಲ್ಲ, ಎಸ್‌ಕೀ. ಇದರ ನಾಲ್ಕು ಅಕ್ಷರಗಳಲ್ಲಿ ಸಾಮಾನ್ಯವಾಗಿ ಮೊದಲೆರಡು ಬಿಡಿಭಾಗದ ಜಾತಿಯನ್ನೂ ಕೊನೆಯೆರಡು ಅದರ ಜೋಡಣೆಯ ಬಗೆಯನ್ನೂ ಹೇಳುತ್ತವೆ: ವಿಬಿಎಫ್‌ಎಲ್ ಎಂದರೆ ಫ್ಲ್ಯಾಂಜಿನ ಬಾಲ್ ವಾಲ್ವ್, ವಿಬಿಬಿಡಬ್ಲ್ಯು ಎಂದರೆ ಬಟ್ ವೆಲ್ಡಿನದು. ಸ್ಪೆಕ್‌ನಲ್ಲಿ (ಲೈನಿಗೆ ಬಳಸಬಹುದಾದ ಬಿಡಿಭಾಗಗಳ ಪಟ್ಟಿ) ಈ ಅಕ್ಷರಗಳು ತಪ್ಪಿದ್ದರೆ ಎಷ್ಟು ಚೆಂದದ ಚಿಹ್ನೆ ಬರೆದಿಟ್ಟರೂ ಅದು ನಕ್ಷೆಗೆ ಬಾರದು. ನಮ್ಮ ಚೌಕಕ್ಕೂ ಇದೇ ಕಾರಣವಾಗಿತ್ತು. ಸ್ಪೆಕ್ ತಿದ್ದಿದ ಮೇಲೂ, ಮಾದರಿಯಲ್ಲಿ ಆಗಲೇ ಕೂರಿಸಿದ್ದ ಸೈಟ್ ಗ್ಲಾಸಿಗೆ ಸ್ಪೆಕ್ ಅಪ್‌ಡೇಟ್ ಮಾಡುವವರೆಗೆ ಹಳೆಯ ಚೌಕವೇ ಮುಂದುವರಿಯಿತು. ಪಿಸಿಎಫ್ ಬರಿಯ ಪಠ್ಯ ಕಡತವಾದ್ದರಿಂದ ಅದನ್ನು ನೋಟ್‌ಪ್ಯಾಡಿನಲ್ಲಿ ತೆರೆದು ಎಸ್‌ಕೀ ಸಾಲನ್ನು ಓದುವುದನ್ನು ನಾನು ಮೊದಲ ದಿನವೇ ಮಾಡಬೇಕಿತ್ತು.

ಚೌಕವನ್ನು ಹಾಗೆಯೇ ಬಿಟ್ಟು ಪಕ್ಕದಲ್ಲಿ ಟಿಪ್ಪಣಿ ಸೇರಿಸುವ ಮೂರನೆಯ ಉಪಾಯವನ್ನು ಒಮ್ಮೆ ಮಾಡಿ ಕೈಬಿಟ್ಟೆ, ಏಕೆಂದರೆ ನಕ್ಷೆಯನ್ನು ಮತ್ತೆ ತಯಾರಿಸಿದಾಗ ಕೈಯಿಂದ ಬರೆದದ್ದು ಉಳಿಯಲಿಲ್ಲ.

ನಕ್ಷೆಗಳು ನಮ್ಮ ಕಚೇರಿಯಲ್ಲೇ ತಯಾರಾಗುವ ಪ್ರಾಜೆಕ್ಟುಗಳಿಗೆ ಈಗ ಬ್ಲಾಕನ್ನೇ ಬಳಸುತ್ತೇನೆ. ಗ್ರಾಹಕರು ಪಿಸಿಎಫ್ ಮಾತ್ರ ಕೇಳಿ ತಾವೇ ಐಸೊಮೆಟ್ರಿಕ್ ತೆಗೆಯುವುದಾದರೆ, ಎಡಿಟರಿನಲ್ಲಿ ಮಾಡಿದ ಚಿಹ್ನೆಯ ಕಡತವನ್ನೂ ಜೊತೆಗೆ ಕಳುಹಿಸುತ್ತೇನೆ.