ಮನೆಗೆ ಯಾವ ಮೇಣದಬತ್ತಿ: ಪ್ಯಾರಫಿನ್ನೋ, ಸೋಯಾನೋ?

ಬೆಂಗಳೂರಿನ ಮಳೆಗೆ ಕರೆಂಟ್ ಹೋದಾಗ ಹಚ್ಚಲು ಕಿರಾಣಿ ಅಂಗಡಿಯ ಬಿಳಿ ಪ್ಯಾರಫಿನ್ (ಪೆಟ್ರೋಲಿಯಂ ಮೇಣ) ಬತ್ತಿ ಸಾಕು, ಅಗ್ಗ. ಆದರೆ ಕಿಟಕಿ ಗಾಳಿಗೆ ಒಂದೇ ಕಡೆ ಕರಗಿ ಸುರಿಯುತ್ತದೆ, ಮಸಿಯೂ ಬಿಡುತ್ತದೆ. ಸ್ಟೀಲ್ ತಟ್ಟೆಯಲ್ಲಿ ನೆಟ್ಟಗೆ ನಿಲ್ಲಿಸಿ, ಪರದೆಯಿಂದ ಒಂದಡಿ ದೂರ.

ಸುವಾಸನೆಗಾದರೆ ಸೋಯಾ ಎಣ್ಣೆಯ ಮೇಣದ ಬತ್ತಿ ಕೊಳ್ಳಿ. ಮೆತ್ತನೆಯ ಮೇಣ, 50 ಡಿಗ್ರಿ ಆಸುಪಾಸಿನಲ್ಲೇ ಕರಗುತ್ತದೆ. ಅದಕ್ಕೇ ಗಾಜಿನ ಲೋಟದಲ್ಲಿ ಬರುವುದು. ಮೊದಲ ಸಲ ಹಚ್ಚಿದಾಗ ಮೇಲ್ಪದರ ಅಂಚಿನವರೆಗೆ ಕರಗುವ ತನಕ ಆರಿಸಬೇಡಿ. ಇಲ್ಲದಿದ್ದರೆ ನಡುವೆ ಗುಂಡಿ ಬಿದ್ದು, ಮುಂದೆ ದಾರ ಕರಗಿದ ಮೇಣದಲ್ಲಿ ಮುಳುಗಿ ಆರುತ್ತದೆ. ಪ್ರತಿ ಸಲ ದಾರವನ್ನು 6 ಮಿ.ಮೀ.ಗೆ ಕತ್ತರಿಸಿ. ತಳದಲ್ಲಿ ಒಂದು ಸೆಂ.ಮೀ. ಉಳಿದಾಗ ನಿಲ್ಲಿಸಿ, ಕಾದ ಗಾಜು ಸೀಳಬಹುದು.

ಜೇನುಮೇಣ ಗಟ್ಟಿ, ಆದರೆ ದುಬಾರಿ.

ಯಾವುದೇ ಮೇಣಕ್ಕೆ ಬೆಂಕಿ ಹತ್ತಿಕೊಂಡರೆ ನೀರು ಹಾಕಲೇಬೇಡಿ, ಸಿಡಿಯುತ್ತದೆ. ಸ್ಟೀಲ್ ಮುಚ್ಚಳ ಮುಚ್ಚಿ.