ಪಾಸ್ಕಾಲ್ ಓಜಿಯೇಗೋಸ್ಕರ ತಗೊಂಡ ಡಿಸ್ಕು
ಫ್ರೆಂಚ್ ನಿರ್ದೇಶಕ ರೊಮೇರ್ ಅವರ ‘ಲೆ ನ್ಯುಯಿ ದ ಲಾ ಪ್ಲೆನ್ ಲ್ಯೂನ್’ ಸಿನಿಮಾದ ಡಿಸ್ಕ್ ತಗೊಂಡಿದ್ದೇ ನಟಿ ಪಾಸ್ಕಾಲ್ ಓಜಿಯೇಗೋಸ್ಕರ, ಅವಳಮ್ಮ, ನಟಿ ಬ್ಯುಲ್ ಓಜಿಯೇನ ಬಲ್ಲೋರಿಗೂ ಈ ಹುಡುಗಿ ಅಷ್ಟಾಗಿ ಗೊತ್ತಿರಲ್ಲ. ಪ್ಯಾರಿಸಲ್ಲೊಂದು ರೂಮು, ಊರಾಚೆ ಗೆಳೆಯನ ಮನೆ, ಎರಡೂ ಬೇಕು ಅಂತ ಒದ್ದಾಡೋ ಲೂಯಿಸ್ ಪಾತ್ರ, ಆ ಸಣ್ಣ ದನಿ, ಎತ್ತಿ ಕಟ್ಟಿದ ಕೂದಲು, ಬೆಳಗಿನ ಜಾವ ಕೆಫೆಲಿ ಕೂತು ಮಾತಾಡೋ ಸೀನಂತೂ ಮೂರು ಸಲ ನೋಡ್ದೆ. ಸೆಟ್ ಅಲಂಕಾರಾನೂ ಅವಳದ್ದೇ ಅಂತೆ, ಆಮೇಲೆ ಆ ಬೂದು ಬಣ್ಣದ ರೂಮನ್ನೇ ಬೇರೆ ಕಣ್ಣಲ್ಲಿ ನೋಡ್ದಂಗಾಯ್ತು! ಪ್ರಿಂಟ್ ಚೆನ್ನಾಗಿದೆ, ಸಬ್‌ಟೈಟಲ್ ಮಾತ್ರ ತುಂಬಾ ಸಣ್ಣದು. 1984ರಲ್ಲಿ ಈ ಪಾತ್ರಕ್ಕೆ ಅವಳಿಗೆ ವೆನಿಸ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂತು, ಅದೇ ಅಕ್ಟೋಬರ್‌ನಲ್ಲಿ 26 ತುಂಬೋಕೆ ಒಂದೇ ದಿನ ಇದ್ದಾಗ ತೀರ್ಕೊಂಡ್ಳು, ಕರುಳು ಚುರ್ ಅನ್ನತ್ತೆ. ಖಂಡಿತ ತಗೊಳ್ಳಿ, ಜೊತೆಗೆ ಅಮ್ಮ ಮಗಳು ಇಬ್ಬರೂ ಇರೋ ನಿರ್ದೇಶಕ ರಿವೆಟ್ ಅವರ ‘ಲ ಪೊಂ ದ್ಯು ನೋರ್’ ಸಿನಿಮಾ ಕೂಡ ನೋಡಿ.